ಪಾಪಾ ರೊಂಕಾಲ್ಲಿ ಬೀದಿಯಲ್ಲಿ ಒಂದು ಮಧ್ಯಾಹ್ನ

ಇಸ್ತಾಂಬುಲ್‌ನಲ್ಲಿ ನಮಗಿದ್ದದ್ದು ನಾಲ್ಕೇ ದಿನ. ಮೂರು ದಿನ ಎಲ್ಲರೂ ನೋಡುವುದನ್ನೇ ನೋಡಿದೆವು. ಹಾಗಿಯಾ ಸೋಫಿಯಾ, ನೀಲಿ ಮಸೀದಿ, ದೊಡ್ಡ ಬಜಾರು. ಅವುಗಳ ಬಗ್ಗೆ ಬರೆದವರು ಬೇಕಾದಷ್ಟು ಜನ ಇದ್ದಾರೆ, ಬಿಡಿ. ನಾಲ್ಕನೇ ದಿನ ನನ್ನದು ಅಂತ ಮನೆಯಲ್ಲೇ ಮಾತಾಗಿತ್ತು.

ತಕ್ಸಿಮ್ ಚೌಕದಿಂದ ಜುಮ್ಹುರಿಯೆತ್ ರಸ್ತೆ ಹಿಡಿದು ಉತ್ತರಕ್ಕೆ ನಡೆದರೆ ಹರ್ಬಿಯೆ ಬಡಾವಣೆ. ಕಾಲು ಗಂಟೆಯ ದಾರಿ. ನಾನು ಮ್ಯಾಪನ್ನು ತಿರುಗಾಮುರುಗಾ ಹಿಡಿದು ಮುಕ್ಕಾಲು ಗಂಟೆ ಮಾಡಿದೆ. ಕೊನೆಗೆ ಒಂದು ಪಕ್ಕದ ಬೀದಿಯಲ್ಲಿ ನನಗೆ ಬೇಕಾದ ಹೆಸರು ಸಿಕ್ಕಿತು: ಪಾಪಾ ರೊಂಕಾಲ್ಲಿ.

"ರೀ, ಬೀದಿಗೆ ಪಾಪ ಅಂತ ಹೆಸರಾ?" ನಮ್ಮಾಕೆ ನಕ್ಕಳು.

ಟರ್ಕಿ ಭಾಷೆಯಲ್ಲಿ ಪಾಪಾ ಅಂದರೆ ಪೋಪ್. 2000ದಲ್ಲಿ ಬೀದಿಯ ಹಳೆಯ ಹೆಸರು ತೆಗೆದು ಇದನ್ನಿಟ್ಟರು. ಆದರೆ ಮುಂದೆ ಪೋಪ್ 23ನೇ ಜಾನ್ ಆದ ಆಂಜೆಲೊ ರೊಂಕಾಲ್ಲಿ ಇಲ್ಲಿ ವಾಸವಿದ್ದಾಗ ಪೋಪ್ ಆಗಿರಲಿಲ್ಲ, ಬರೀ ಆರ್ಚ್‌ಬಿಷಪ್. ಆಗಿನ ಅವರ ಸ್ಥಿತಿಗೆ ನಮ್ಮ ಕನ್ನಡದ 'ಪಾಪ'ವೇ ಜಾಸ್ತಿ ಹೊಂದುತ್ತದೆ.

ಅವರು ಹುಟ್ಟಿದ್ದು 1881ರಲ್ಲಿ, ಇಟಲಿಯ ಬೆರ್ಗಾಮೊ ಹತ್ತಿರದ ಸೊತ್ತೊ ಇಲ್ ಮೊಂತೆ ಎಂಬ ಹಳ್ಳಿಯಲ್ಲಿ. ಮನೆತುಂಬ ಮಕ್ಕಳು, ಪಾಲಿಗೆ ಮಾಡುವ ಹೊಲ. 1925ರಲ್ಲಿ ಅವರನ್ನು ಆರ್ಚ್‌ಬಿಷಪ್ ಮಾಡಿ ಬಲ್ಗೇರಿಯಾಕ್ಕೆ ಕಳಿಸಿದರು. ಅಲ್ಲಿ ಹೆಚ್ಚಿನವರು ಆರ್ಥಡಾಕ್ಸ್ ಕ್ರೈಸ್ತರು, ಕ್ಯಾಥೊಲಿಕರು ಬೆರಳೆಣಿಕೆ. ಅಲ್ಲಿ ಸುಮಾರು ಹತ್ತು ವರ್ಷ, ಆಮೇಲೆ ಟರ್ಕಿ ಮತ್ತು ಗ್ರೀಸ್ ಸೇರಿಸಿ ಇನ್ನೊಂದು ಹತ್ತು ವರ್ಷ. ನಮ್ಮ ಸರ್ಕಾರಿ ನೌಕರರ ಮಾತಿನಲ್ಲಿ ಹೇಳೋದಾದರೆ, ನೀರಿಲ್ಲದ ಜಾಗಕ್ಕೆ ವರ್ಗ.

ಹುದ್ದೆಯೂ ಅಷ್ಟಕ್ಕಷ್ಟೆ. ವ್ಯಾಟಿಕನ್ ಕಳಿಸುವವರಲ್ಲಿ ಎರಡು ಬಗೆ. ನುನ್ಸಿಯೊ ಅಂದರೆ ಪೂರ್ತಿ ರಾಯಭಾರಿ, ಆ ದೇಶದ ಸರ್ಕಾರ ಅವರನ್ನು ಒಪ್ಪಿಕೊಂಡಿರುತ್ತದೆ. ಅಪೋಸ್ತಲಿಕ್ ಡೆಲಿಗೇಟ್ ಹಾಗಲ್ಲ. ಅವರು ಅಲ್ಲಿನ ಚರ್ಚಿನ ಮಟ್ಟಿಗೆ ಮಾತ್ರ ಪೋಪರ ಪ್ರತಿನಿಧಿ, ಸರ್ಕಾರದ ಕಣ್ಣಿಗೆ ಯಾರೂ ಅಲ್ಲ. ಸ್ವಾತಂತ್ರ್ಯಕ್ಕೆ ಮುಂಚೆ ನಮ್ಮ ಬೆಂಗಳೂರಿನಲ್ಲೂ ಇಂಥ ಒಬ್ಬ ಡೆಲಿಗೇಟ್ ಇದ್ದರು, ಆರ್ಚ್‌ಬಿಷಪ್ ಕಿಯರ್ಕೆಲ್ಸ್. 1948ರಲ್ಲಿ ಭಾರತ ಮತ್ತು ವ್ಯಾಟಿಕನ್ ನಡುವೆ ರಾಜತಾಂತ್ರಿಕ ಸಂಬಂಧ ಶುರುವಾದ ಮೇಲೆಯೇ ಅವರಿಗೆ ರಾಯಭಾರಿ ಮರ್ಯಾದೆ ಸಿಕ್ಕಿದ್ದು. ಟರ್ಕಿಯಲ್ಲಿ ರೊಂಕಾಲ್ಲಿಯವರಿಗೆ ಅದೂ ಸಿಗಲಿಲ್ಲ.

1935ರ ಜನವರಿಯಲ್ಲಿ ಅವರು ಬಂದರು. ಧಾರ್ಮಿಕ ಉಡುಪು ತೊಟ್ಟು ಬೀದಿಯಲ್ಲಿ ಓಡಾಡಬಾರದು ಅಂತ ಅತಾತುರ್ಕ್ ಸರ್ಕಾರದ ಕಾನೂನು ಆಗಷ್ಟೇ ಬಂದಿತ್ತು. ಇಮಾಮರಿಗೂ ಅದೇ, ಪಾದ್ರಿಗಳಿಗೂ ಅದೇ. ರೊಂಕಾಲ್ಲಿ ಜಗಳಕ್ಕೆ ನಿಲ್ಲಲಿಲ್ಲ. ನಿಲುವಂಗಿ ಬಿಚ್ಚಿಟ್ಟು ಕೋಟು, ಪ್ಯಾಂಟು, ಬೌಲರ್ ಟೋಪಿ ಹಾಕಿದರು. ದಪ್ಪ ಮೈಯ ಆಸಾಮಿ. ಯಾವುದೋ ಕಂಪನಿಯ ಗುಮಾಸ್ತರ ಹಾಗೆ ಕಂಡಿರಬೇಕು.

ಆ ಬೀದಿಯಿಂದ ಪವಿತ್ರಾತ್ಮ ಕೆಥೆಡ್ರಲ್ ಹತ್ತಿರವೇ. ನೋತ್ರ್ ದಾಮ್ ದ ಸಿಯೋನ್ ಶಾಲೆಯ ಪಕ್ಕ ಅಡಗಿಕೊಂಡಿದೆ, ರಸ್ತೆಯಿಂದ ಗೊತ್ತೇ ಆಗುವುದಿಲ್ಲ. ಅಂಗಳದಲ್ಲಿ ಪೋಪ್ 15ನೇ ಬೆನೆಡಿಕ್ಟ್ ಅವರ ಪ್ರತಿಮೆ. ಮೊದಲ ಮಹಾಯುದ್ಧದಲ್ಲಿ ನೆರವಾದರು ಅಂತ ಮುಸ್ಲಿಮರು, ಯಹೂದಿಗಳು, ಕ್ರೈಸ್ತರು ಚಂದಾ ಹಾಕಿ ನಿಲ್ಲಿಸಿದ್ದು.

ಒಳಗೆ ತಂಪು. ಹಿಂದಿನ ಬೆಂಚಿನಲ್ಲಿ ಸುಮ್ನೆ ಕೂತೆವು. ರೊಂಕಾಲ್ಲಿ ಇಲ್ಲಿ ಪ್ರಾರ್ಥನೆಯಲ್ಲಿ ಒಂದು ಸಾಲನ್ನು ಟರ್ಕಿ ಭಾಷೆಗೆ ತಂದರು: 'ತಾನ್ರಿ ಮುಬಾರೆಕ್ ಓಲ್ಸುನ್', ದೇವರಿಗೆ ಸ್ತೋತ್ರ ಅಂತ. ಇಲ್ಲಿಗೆ ಬರುತ್ತಿದ್ದವರು ಫ್ರೆಂಚ್, ಇಟಾಲಿಯನ್ ಆಡುವ ಜನ. ಕೆಲವರು ಮುನಿಸಿಕೊಂಡು ಎದ್ದೇ ಹೋದರಂತೆ. ಪೂಜೆಯ ಭಾಷೆ ಅಂದರೆ ಎಷ್ಟು ಸಿಟ್ಟು ಬರುತ್ತದೆ ಅಂತ ಬೆಂಗಳೂರಿನ ಚರ್ಚುಗಳಲ್ಲಿ ಕನ್ನಡಕ್ಕಾಗಿ ಹೋರಾಡಿದವರಿಗೆ ಗೊತ್ತು.

ಬಲ್ಗೇರಿಯಾದ ಒಂದು ಕಥೆಯನ್ನು ನಮ್ಮಾಕೆಗೆ ಅಲ್ಲೇ ಪಿಸುಮಾತಲ್ಲಿ ಹೇಳಿದೆ. 1930ರಲ್ಲಿ ದೊರೆ ಬೋರಿಸ್ ಇಟಲಿಯ ರಾಜಕುಮಾರಿ ಜೊವಾನ್ನಾಳನ್ನು ಅಸ್ಸಿಸಿಯಲ್ಲಿ ಕ್ಯಾಥೊಲಿಕ್ ಪದ್ಧತಿಯಂತೆ ಮದುವೆಯಾದ. ಊರಿಗೆ ಮರಳಿದವನೇ ಸೋಫಿಯಾದಲ್ಲಿ ಆರ್ಥಡಾಕ್ಸ್ ಶಾಸ್ತ್ರವನ್ನೂ ಮಾಡಿಸಿಕೊಂಡ. ಕೊಟ್ಟ ಮಾತು ಮುರಿದ ಅಂತ ಪೋಪ್ ಕೆಂಡವಾದರು. ರೋಮಿಗೂ ಅರಮನೆಗೂ ನಡುವೆ ಸಿಕ್ಕಿಕೊಂಡವರು ರೊಂಕಾಲ್ಲಿ. ಆದರೂ ಅವರು ದೊರೆಯ ಜೊತೆಗಿನ ಮಾತು ಕಡಿದುಕೊಳ್ಳಲಿಲ್ಲ. ಅದು ಉಪಯೋಗಕ್ಕೆ ಬಂದದ್ದು 1943ರಲ್ಲಿ. ಯಹೂದಿಗಳ ಪ್ರಾಣ ಉಳಿಸಿ ಅಂತ ಇಸ್ತಾಂಬುಲ್‌ನಿಂದ ಅದೇ ಬೋರಿಸ್‌ಗೆ ಕಾಗದ ಬರೆಯಲು ಸಾಧ್ಯವಾಯಿತು. ಈ ಊರಿನಲ್ಲಿ ಯಹೂದಿ ಸಂಸ್ಥೆಯ ಖಾಯಿಮ್ ಬಾರ್ಲಾಸ್ ಎಂಬವರು ರೊಂಕಾಲ್ಲಿಯವರ ಬಳಿಗೆ ಬಂದುಹೋಗುತ್ತಿದ್ದರು. ಪ್ಯಾಲೆಸ್ಟೈನಿಗೆ ಹೋಗುವ ಪರವಾನಗಿ ಪತ್ರಗಳು ರೊಂಕಾಲ್ಲಿಯವರ ಕೈದಾಟಿ ಹೋದವು. ಎಷ್ಟು ಜನ ಬದುಕಿದರು ಅನ್ನುವುದಕ್ಕೆ ಒಬ್ಬೊಬ್ಬರು ಒಂದೊಂದು ಲೆಕ್ಕ ಹೇಳುತ್ತಾರೆ. ನಾನು ಆ ಗೋಜಿಗೆ ಹೋಗುವುದಿಲ್ಲ.

"ಅವರಿಗೆ ಬಡ್ತಿ ಸಿಗಲೇ ಇಲ್ವಾ?" ಅವಳಿಗೆ ಆ ಚಿಂತೆ.

ಸಿಕ್ಕಿತು, ಅದೂ ತಮಾಷೆಯಾಗಿ. 1944ರ ಡಿಸೆಂಬರಿನಲ್ಲಿ ರೋಮಿನಿಂದ ಗುಪ್ತಲಿಪಿಯ ತಂತಿ ಬಂತು. ಬಿಡಿಸಿದರೆ, ಪ್ಯಾರಿಸ್ಸಿಗೆ ನುನ್ಸಿಯೊ ಆಗಿ ಹೊರಡಿ ಅಂತ. ಎಲ್ಲೋ ತಪ್ಪಾಗಿದೆ ಅಂದುಕೊಂಡರಂತೆ. ತಪ್ಪಾಗಿರಲಿಲ್ಲ. ಯುದ್ಧದಲ್ಲಿ ಜರ್ಮನಿಯ ಜೊತೆ ಕೈಜೋಡಿಸಿದ್ದ ಫ್ರಾನ್ಸಿನ ವಿಶಿ ಸರ್ಕಾರದ ಜೊತೆಗಿದ್ದ ಹಳೆಯ ನುನ್ಸಿಯೊ ವಲೇರಿ ಬೇಡವೇ ಬೇಡ ಅಂತ ಫ್ರಾನ್ಸಿನ ಹೊಸ ನಾಯಕ ಡಿ ಗಾಲ್ ಹಟ ಹಿಡಿದಿದ್ದರು. ಜನವರಿ 1ರಂದು ಎಲ್ಲ ರಾಯಭಾರಿಗಳ ಪರವಾಗಿ ಶುಭಾಶಯ ಹೇಳುವುದು ನುನ್ಸಿಯೊ ಕೆಲಸ. ಅವರಿಲ್ಲದಿದ್ದರೆ ಆ ಭಾಷಣ ಸೋವಿಯತ್ ರಾಯಭಾರಿಯ ಪಾಲಿಗೆ ಹೋಗುತ್ತಿತ್ತು. ಅದಕ್ಕೇ ಆ ಅವಸರ. 63 ವರ್ಷದ ರೊಂಕಾಲ್ಲಿ ಡಿಸೆಂಬರ್ ಕೊನೆಗೆ ಪ್ಯಾರಿಸ್ ತಲುಪಿ, ಹೊಸ ವರ್ಷದ ದಿನ ಭಾಷಣ ಓದಿದರು. ಎಂಟು ವರ್ಷ ಅಲ್ಲಿದ್ದರು. 1953ರಲ್ಲಿ ಕಾರ್ಡಿನಲ್ ಆದಾಗ ಕೆಂಪು ಟೋಪಿ ತೊಡಿಸಿದ್ದು ಸಮಾಜವಾದಿ ಅಧ್ಯಕ್ಷ ವಿನ್ಸೆಂಟ್ ಓರಿಯೊಲ್. ಮುಂದಿನದು ವೆನಿಸ್, 1958ರಲ್ಲಿ 23ನೇ ಜಾನ್ ಎಂಬ ಹೆಸರಿನಲ್ಲಿ ಪೋಪ್ ಪದವಿ, ಲೋಕದ ಕ್ಯಾಥೊಲಿಕ್ ಬಿಷಪ್ಪರನ್ನು ಸೇರಿಸಿದ ಎರಡನೇ ವ್ಯಾಟಿಕನ್ ಮಹಾಸಭೆ. ಅದು ಎಲ್ಲರಿಗೂ ಗೊತ್ತಿರುವ ಕಥೆ. ನನಗೆ ಇಷ್ಟವಾದದ್ದು ಇನ್ನೊಂದು: ಟರ್ಕಿ ಮತ್ತು ವ್ಯಾಟಿಕನ್ ನಡುವೆ ರಾಜತಾಂತ್ರಿಕ ಸಂಬಂಧ ಶುರುವಾದದ್ದು 1960ರಲ್ಲಿ, ಇವರೇ ಪೋಪ್ ಆಗಿದ್ದಾಗ.

ಸಂಜೆ ಇಸ್ತಿಕ್ಲಾಲ್ ರಸ್ತೆಯ ಸಂತ ಅಂತೋನಿ ಚರ್ಚಿಗೆ ಬಂದೆವು. ಕೆಂಪು ಇಟ್ಟಿಗೆಯ ಎತ್ತರದ ಕಟ್ಟಡ. ಅಂಗಳದ ತುಂಬ ಸೆಲ್ಫಿಯವರು, ಜಾಸ್ತಿ ಜನ ಮುಸ್ಲಿಮರೇ ಅಂತ ಕಾಣುತ್ತದೆ. ಒಂದು ಕಡೆ ರೊಂಕಾಲ್ಲಿಯವರ ಪ್ರತಿಮೆ ಇದೆ. ಮೈಮೇಲೆ ನಿಲುವಂಗಿ. ಹತ್ತು ವರ್ಷ ಈ ರಸ್ತೆಯಲ್ಲಿ ಅವರು ತೊಡಲಾಗದ ಬಟ್ಟೆ.

"ಪಾಪ," ಅಂದಳು ನಮ್ಮಾಕೆ. ಯಾವ ಭಾಷೆಯಲ್ಲಿ ಅಂತ ನಾನು ಕೇಳಲಿಲ್ಲ. ಚೀಲದಿಂದ ಸಿಮಿತ್, ಅಂದರೆ ಇಲ್ಲಿನ ಬಳೆಯಾಕಾರದ ಎಳ್ಳಿನ ಬ್ರೆಡ್ಡು, ತೆಗೆದು ಅರ್ಧ ಮುರಿದು ಕೊಟ್ಟಳು. ಎಳ್ಳೆಲ್ಲ ಅಂಗಿಯ ಮೇಲೆ ಉದುರಿತು.