ಮಲ್ಪೆಯ ಗಂಟು: ಕಮಾಲ್ ಕಟ್ಟುತ್ತಾ ಕಾರವಾರದವರೆಗೆ

ಅಕ್ಟೋಬರ್, ಮೊದಲ ವಾರ

ಹಲಗೆ ಸಿದ್ಧವಾಯಿತು. ಹಲಸಿನ ಮರದ ತೆಳು ತುಂಡು, ಎತ್ತರ ಸರಿಯಾಗಿ 10 ಸೆಂಟಿಮೀಟರ್. ನಡುವೆ ಒಂದು ಸಣ್ಣ ತೂತು, ಅದರಲ್ಲಿ ದಾರ. ಕಮಾಲ್ ಅಂದರೆ ಇಷ್ಟೇ. ದಾರವನ್ನು ಹಲ್ಲಿನಲ್ಲಿ ಕಚ್ಚಿ ಹಲಗೆಯನ್ನು ಮುಂದೆ ಚಾಚಬೇಕು. ಕೆಳಗಿನ ಅಂಚು ಕಡಲಂಚಿಗೆ ತಾಗಬೇಕು, ಮೇಲಿನ ಅಂಚಿಗೆ ಧ್ರುವ ನಕ್ಷತ್ರ ಕೂರಬೇಕು. ಆಗ ಹಲ್ಲಿನಿಂದ ಹಲಗೆಗೆ ಎಷ್ಟು ದಾರ ಇದೆಯೋ ಅದೇ ನಾವು ನಿಂತ ಜಾಗದ ಅಕ್ಷಾಂಶ ಹೇಳುತ್ತದೆ. ನಕ್ಷತ್ರ ಎತ್ತರಕ್ಕೆ ಹೋದಷ್ಟೂ ಹಲಗೆ ಹತ್ತಿರ ಬರುತ್ತದೆ, ದಾರ ಗಿಡ್ಡವಾಗುತ್ತದೆ. ಅರಬ್ ಮತ್ತು ಗುಜರಾತಿ ನಾವಿಕರು ನಮ್ಮ ಕಡಲಲ್ಲಿ ಇದನ್ನೇ ಹಿಡಿದು ಓಡಾಡುತ್ತಿದ್ದರು.

ಇದನ್ನು ಮಾಡಬೇಕು ಅನ್ನಿಸಿದ್ದು ವಾಸ್ಕೊ ಡ ಗಾಮನ ಮೊದಲ ಪ್ರಯಾಣದ ಬಗ್ಗೆ ಓದುವಾಗ. ಅವನ ಹಡಗಿನಲ್ಲಿದ್ದ ಒಬ್ಬ ದಿನಚರಿ ಬರೆದಿಟ್ಟಿದ್ದಾನೆ. ಅದರಲ್ಲಿ ಎರಡು ಲೆಕ್ಕಗಳಿವೆ. 1498ರ ಏಪ್ರಿಲ್ 24ಕ್ಕೆ ಆಫ್ರಿಕದ ಮಲಿಂದಿ ಬಿಟ್ಟವರಿಗೆ ಮಲಬಾರಿನ ಗುಡ್ಡ ಕಂಡದ್ದು ಮೇ 18ಕ್ಕೆ. ನಡುವೆ 23 ದಿನ ಬರೀ ನೀರು. ಬರುವಾಗ ಮಲಿಂದಿಯ ದೊರೆ ಕೊಟ್ಟ ಒಬ್ಬ ನಾವಿಕ ಜೊತೆಗಿದ್ದ. ವಾಪಸ್ ಹೋಗುವಾಗ ಅಂತಹವರು ಯಾರೂ ಇರಲಿಲ್ಲ. ಅಕ್ಟೋಬರ್ 5ಕ್ಕೆ ಕಾರವಾರದ ಹತ್ತಿರದ ಅಂಜದೀವ ದ್ವೀಪ ಬಿಟ್ಟರು. ಮತ್ತೆ ಆಫ್ರಿಕದ ನೆಲ ಕಂಡದ್ದು 1499ರ ಜನವರಿ 2ಕ್ಕೆ. ಮೂರು ತಿಂಗಳಿಗೆ ಮೂರು ದಿನ ಕಡಿಮೆ! ವಸಡು ಊದಿ, ಮೈ ಬಾತು, ಸ್ಕರ್ವಿಯಿಂದ ಆ ದಾರಿಯಲ್ಲಿ 30 ಜನ ಸತ್ತರು. ಒಂದೊಂದು ಹಡಗಿನಲ್ಲಿ ಕೆಲಸ ಮಾಡುವ ಶಕ್ತಿ ಉಳಿದದ್ದು ಏಳೆಂಟು ಜನಕ್ಕೆ. ಆಮೇಲೆ ಆಳುಗಳು ಸಾಲದೆ ಸಾವ್ ರಫಾಯೆಲ್ ಹಡಗನ್ನು ತಾವೇ ಸುಟ್ಟರು.

ವ್ಯತ್ಯಾಸಕ್ಕೆ ದೊಡ್ಡ ಕಾರಣ ಗಾಳಿ. ಏಪ್ರಿಲ್–ಮೇನಲ್ಲಿ ನೈರುತ್ಯದ ಗಾಳಿ ಶುರುವಾಗಿ ಹಡಗನ್ನು ನಮ್ಮ ಕಡೆ ತಳ್ಳುತ್ತದೆ. ಅಕ್ಟೋಬರ್ ಮೊದಲಲ್ಲಿ ಈಶಾನ್ಯದ ಗಾಳಿ ಇನ್ನೂ ಕೂತಿರುವುದಿಲ್ಲ. ಇದು ನಮ್ಮ ಕಡಲಿನವರಿಗೆಲ್ಲ ಗೊತ್ತಿದ್ದ ಮಾತು. ಗಾಮ ಕಾಯಲಿಲ್ಲ.

ಮಲಿಂದಿಯ ಆ ನಾವಿಕನ ಹೆಸರು ಇಬ್ನ್ ಮಾಜಿದ್ ಅಂತ ಬಹಳ ಕಡೆ ಬರೆದಿರುತ್ತದೆ. ಇಬ್ನ್ ಮಾಜಿದ್ ಆ ಕಾಲದ ದೊಡ್ಡ ಅರಬ್ ನಾವಿಕ, ನೌಕಾಯಾನದ ಬಗ್ಗೆ ಗ್ರಂಥಗಳನ್ನೇ ಬರೆದವನು. ಆದರೆ ಗಾಮನನ್ನು ಕರೆತಂದವನು ಅವನೇ ಎಂಬುದನ್ನು ಈಗ ಹೆಚ್ಚಿನ ಇತಿಹಾಸಕಾರರು ಒಪ್ಪುವುದಿಲ್ಲ. ಆ ದಾರಿ ಬಲ್ಲವನ ಸರಿಯಾದ ಹೆಸರು ಉಳಿದಿಲ್ಲ ಅನ್ನುವುದು ನನಗೆ ನೋವಿನ ಸಂಗತಿ. ಅವನ ಕೈಯಲ್ಲಿ ಏನಿತ್ತು ಎಂಬುದಾದರೂ ನನ್ನ ಕೈಗೆ ಬರಲಿ ಅಂತ ಈ ಹಲಗೆ.

ಅಕ್ಟೋಬರ್, ಮೂರನೇ ವಾರ

ದಾರ ಬದಲಾಯಿಸಿದೆ. ಮೊದಲು ಹತ್ತಿ ದಾರ ಹಾಕಿದ್ದೆ. ಮಳೆ ಬಂದ ದಿನ ಅಳತೆಯೇ ಬೇರೆ, ಒಣಗಿದ ದಿನವೇ ಬೇರೆ. ಈಗ ಬಲೆ ಹೆಣೆಯುವ ನೂಲು ಹಾಕಿದ್ದೇನೆ, ಜಗ್ಗುವುದಿಲ್ಲ.

ಒಂದೊಂದು ಊರಿನ ಅಕ್ಷಾಂಶಕ್ಕೆ ಒಂದೊಂದರಂತೆ ದಾರದಲ್ಲಿ ಗಂಟುಗಳನ್ನು ಲೆಕ್ಕ ಹಾಕಿ ಕಟ್ಟಿದೆ. 10 ಸೆಂಟಿಮೀಟರ್ ಹಲಗೆಗೆ ತ್ರಿಕೋನಮಿತಿ ಹಾಕಿದರೆ ಬರುವುದು ಹೀಗೆ: ಕಾರವಾರ 14.8 ಡಿಗ್ರಿ, ದಾರ 38.5 ಸೆಂಟಿಮೀಟರ್. ಮಲ್ಪೆ 13.35 ಡಿಗ್ರಿ, 42.7. ಮಂಗಳೂರು 12.87 ಡಿಗ್ರಿ, 44.3. ಗಾಮ ಬಂದು ಲಂಗರು ಹಾಕಿದ, ಕೋಳಿಕ್ಕೋಡಿನ ಹತ್ತಿರದ ಕಪ್ಪಾಡು 11.4 ಡಿಗ್ರಿಯಷ್ಟು, 50.2. ಇಡೀ ಕರ್ನಾಟಕದ ಕರಾವಳಿ ದಾರದ ಮೇಲೆ ಒಂದು ಗೇಣೂ ಇಲ್ಲ. ಆರು ಸೆಂಟಿಮೀಟರಿನಲ್ಲಿ ಕಾರವಾರದಿಂದ ಮಂಗಳೂರು ಬಂದುಬಿಡುತ್ತದೆ.

ಹಳೆಯ ನಾವಿಕರ ಅಳತೆ ಡಿಗ್ರಿಯಲ್ಲಿ ಇರಲಿಲ್ಲ. ಇಸ್ಬಾ ಅನ್ನುತ್ತಿದ್ದರು, ಅಂದರೆ ಬೆರಳು. ಚಾಚಿದ ಕೈಯ ಒಂದು ಬೆರಳಿನ ಅಗಲ ಆಕಾಶದಲ್ಲಿ ಎಷ್ಟು ಮುಚ್ಚುತ್ತದೋ ಅಷ್ಟು, ಸುಮಾರು 1.6 ಡಿಗ್ರಿ. ಕಾರವಾರಕ್ಕೂ ಕಪ್ಪಾಡಿಗೂ ನಡುವೆ ಎರಡು ಬೆರಳು. ಚೆನ್ನಾಗಿದೆ ಅಲ್ವಾ?

ನವೆಂಬರ್ 5

ಮೊದಲ ನಿಜವಾದ ಅಳತೆ. ದಡದಿಂದ ಇದು ಆಗುವುದಿಲ್ಲ. ನಮ್ಮ ಕರಾವಳಿ ನೇರ ತೆಂಕು-ಬಡಗು ಇಲ್ಲ, ಸ್ವಲ್ಪ ವಾಯವ್ಯಕ್ಕೆ ವಾಲಿದೆ. ಬೀಚಿನಲ್ಲಿ ನಿಂತು ಬಡಗು ನೋಡಿದರೆ ಕಾಣುವುದು ತೆಂಗಿನ ಮರ, ಮನೆ, ದೀಪ. ಹಾಗಾಗಿ ಪರಿಚಯದ ತಂಡೇಲರೊಬ್ಬರ ದೋಣಿಯಲ್ಲಿ ಮಲ್ಪೆಯಿಂದ ಹೊರಗೆ ಹೋದೆವು. ಸೇಂಟ್ ಮೇರೀಸ್ ದ್ವೀಪಗಳು ಕಪ್ಪಗೆ ಕಾಣುತ್ತಿದ್ದವು. 1498ರ ಸೆಪ್ಟೆಂಬರಿನಲ್ಲಿ ವಾಪಸ್ ಹೋಗುವಾಗ ಗಾಮ ಈ ಕರಾವಳಿಯ ಒಂದು ಸಣ್ಣ ದ್ವೀಪದಲ್ಲಿ ಸಾಂತಾ ಮಾರಿಯಾ ಹೆಸರಿನ ಕಲ್ಲಿನ ಕಂಬ ನಿಲ್ಲಿಸಿದ್ದ. ಅದು ಇದೇ ದ್ವೀಪ, ಹೆಸರು ಬಂದದ್ದೂ ಹಾಗೇ ಎಂಬ ಮಾತು ಮಲ್ಪೆಯಲ್ಲಿ ಎಲ್ಲರ ಬಾಯಲ್ಲೂ ಇದೆ.

ಹೊತ್ತು ಬಹಳ ಕಡಿಮೆ ಸಿಗುತ್ತದೆ. ಕತ್ತಲಾದರೆ ಕಡಲಂಚು ಕಾಣುವುದಿಲ್ಲ. ಬೆಳಕಿದ್ದರೆ ನಕ್ಷತ್ರ ಕಾಣುವುದಿಲ್ಲ. ಸೂರ್ಯ ಮುಳುಗಿ ಅರ್ಧ ಗಂಟೆಗೆ, 6:35ರ ಹೊತ್ತಿಗೆ, ಎರಡೂ ಕಂಡವು. ದೋಣಿ ಏಳುತ್ತಾ ಬೀಳುತ್ತಾ ಇತ್ತು. ಹನ್ನೊಂದು ಸಲ ಅಳೆದೆ. ದಾರ ಸರಾಸರಿ 44 ಸೆಂಟಿಮೀಟರಿನ ಮೇಲೆ ಒಂದು ಚೂರು. ಅಂದರೆ ನನ್ನ ಮಂಗಳೂರಿನ ಗಂಟಿನ ಪಕ್ಕ! ನಿಂತದ್ದು ಮಲ್ಪೆಯ ಎದುರು, ಹಲಗೆ ಹೇಳಿದ್ದು ಮಂಗಳೂರು. 50 ಕಿಲೋಮೀಟರಿನಷ್ಟು ತಪ್ಪು.

ನವೆಂಬರ್ 9

ತಪ್ಪು ಸಿಕ್ಕಿತು. ಲೆಕ್ಕ ಹಾಕಿದ್ದು ಕಣ್ಣಿನಿಂದ ಹಲಗೆಗೆ. ದಾರ ಕಚ್ಚಿದ್ದು ಹಲ್ಲಿನಲ್ಲಿ. ಕಣ್ಣು ಹಲ್ಲಿಗಿಂತ ಏಳು ಸೆಂಟಿಮೀಟರ್ ಮೇಲಿದೆ. ಹಾಗಾಗಿ ದಾರ ಓರೆಯಾಗುತ್ತದೆ, ಒಂದೂವರೆ ಸೆಂಟಿಮೀಟರ್ ಹತ್ತಿರ ಜಾಸ್ತಿ ಬೇಕಾಗುತ್ತದೆ. 42.7 ಇದ್ದದ್ದು 44.1 ಆಗುತ್ತದೆ. ದೋಣಿಯಲ್ಲಿ ಸಿಕ್ಕಿದ್ದು ಅದೇ. ಕೈ ಸರಿಯಾಗಿತ್ತು, ನಕ್ಷತ್ರ ಸರಿಯಾಗಿತ್ತು, ಕಾಗದದ ಲೆಕ್ಕ ಮಾತ್ರ ನನ್ನ ಮುಖವನ್ನು ಮರೆತಿತ್ತು.

ಆಗ ಹೊಳೆಯಿತು, ಹಳಬರು ಲೆಕ್ಕ ಹಾಕಿ ಗಂಟು ಕಟ್ಟಬೇಕಾಗಿಯೇ ಇರಲಿಲ್ಲ. ಬಂದರಿನ ಎದುರು ಕಡಲಲ್ಲಿ ನಿಂತು, ನಕ್ಷತ್ರ ನೋಡಿ, ಅಲ್ಲೇ ಗಂಟು ಹಾಕಿದರೆ ಆಯಿತು. ಅವರವರ ಹಲ್ಲು, ಅವರವರ ಕಣ್ಣಿಗೆ ತಕ್ಕ ಗಂಟು ತಾನಾಗಿ ಬರುತ್ತದೆ. ಆಮೇಲೆ ಆ ಬಂದರಿಗೆ ಹೋಗಬೇಕಾದರೆ, ನಕ್ಷತ್ರ ಆ ಗಂಟಿಗೆ ಕೂರುವವರೆಗೆ ತೆಂಕಿಗೋ ಬಡಗಿಗೋ ಹೋಗಿ, ಅಲ್ಲಿಂದ ನೇರ ಪೂರ್ವಕ್ಕೆ ತಿರುಗಿದರೆ ಸಾಕು. ದಡ ಎಷ್ಟು ದೂರ ಅಂತ ಗಂಟು ಹೇಳುವುದಿಲ್ಲ. ಆದರೆ ದಡ ಸಿಕ್ಕಿದಾಗ ಅದು ನಮ್ಮ ಬಂದರೇ ಆಗಿರುತ್ತದೆ.

ಕಾಗದದ ಗಂಟುಗಳನ್ನೆಲ್ಲ ಬಿಚ್ಚಿದೆ. ಮಲ್ಪೆಯ ಗಂಟು ಒಂದೇ ಉಳಿಯಿತು.

ಡಿಸೆಂಬರ್

ಕಡಲಿಗೆ ಹೋಗಲು ಆಗಲಿಲ್ಲ. ಮನೆಯ ತಾರಸಿಯಲ್ಲೇ ಕಡಲಂಚು ಮಾಡಿಕೊಂಡೆ. ಗಾರೆ ಕೆಲಸದವರು ಮಟ್ಟ ನೋಡಲು ನೀರು ತುಂಬಿದ ಪಾರದರ್ಶಕ ಪೈಪು ಬಳಸುತ್ತಾರಲ್ಲ, ಅದರಿಂದ ನನ್ನ ಕಣ್ಣಿನ ಎತ್ತರವನ್ನು ಬಡಗು ದಿಕ್ಕಿನ ನೀರಿನ ಟ್ಯಾಂಕಿನ ಗೋಡೆಗೆ ತಂದು ಸೀಮೆಸುಣ್ಣದಲ್ಲಿ ಗೆರೆ ಎಳೆದೆ. ಆ ಗೆರೆಯೇ ಈಗ ನನ್ನ ಕಡಲಂಚು. ಟಾರ್ಚ್ ಬಿಟ್ಟರೆ ನಡುರಾತ್ರಿಯೂ ಅಳೆಯಬಹುದು.

ಗಾಮನಿಗೆ ಈ ನಕ್ಷತ್ರದ ಸಹಾಯ ಅರ್ಧ ದಾರಿಗೆ ಇರಲೇ ಇಲ್ಲ. 1497ರ ಜುಲೈ 8ಕ್ಕೆ ಲಿಸ್ಬನ್ ಬಿಟ್ಟ ನಾಲ್ಕು ಹಡಗುಗಳು ಕೇಪ್ ವರ್ಡೆ ದಾಟಿದ ಮೇಲೆ ಆಫ್ರಿಕದ ದಡ ಬಿಟ್ಟು ಅಟ್ಲಾಂಟಿಕ್ ನಡುವಿಗೆ ದೊಡ್ಡ ಬಿಲ್ಲಿನ ಹಾಗೆ ಸುತ್ತಿ ಹೋದವು. ಮೂರು ತಿಂಗಳು ನೆಲ ಇಲ್ಲ. ಸಮಭಾಜಕ ದಾಟಿದರೆ ಧ್ರುವ ಮುಳುಗುತ್ತದೆ, ಮಧ್ಯಾಹ್ನದ ಸೂರ್ಯನನ್ನೇ ಅಳೆಯಬೇಕು. ಅಲುಗುವ ಹಡಗಿನಲ್ಲಿ ಅದು ಕಷ್ಟ. ನವೆಂಬರಿನಲ್ಲಿ ದಕ್ಷಿಣ ಆಫ್ರಿಕದ ಸೇಂಟ್ ಹೆಲೆನಾ ಕೊಲ್ಲಿಗೆ ಬಂದಾಗ ದಡಕ್ಕಿಳಿದು, ಮೂರು ಕೋಲಿಗೆ ಮರದ ದೊಡ್ಡ ಆಸ್ಟ್ರೋಲೇಬ್ ತೂಗುಹಾಕಿ ಸೂರ್ಯನನ್ನು ಅಳೆದರು ಅಂತ ಪೋರ್ಚುಗೀಸ್ ಇತಿಹಾಸಕಾರ ಬಾರೋಸ್ ಬರೆಯುತ್ತಾನೆ. ಅದೇ ಉಪಕರಣವನ್ನು ಮಲಿಂದಿಯ ನಾವಿಕನಿಗೆ ತೋರಿಸಿದಾಗ ಅವನಿಗೆ ಆಶ್ಚರ್ಯವೇ ಆಗಲಿಲ್ಲವಂತೆ. ತನ್ನ ಬಳಿ ಇದ್ದ ಮೂರು ಹಲಗೆಗಳ ಉಪಕರಣ ತೋರಿಸಿದನಂತೆ. ಕಮಾಲ್ ಅದು.

ದಿನಚರಿಯಲ್ಲಿ ನನಗೆ ತುಂಬಾ ಇಷ್ಟವಾದ ಸಾಲು ಮಲಿಂದಿ ಬಿಟ್ಟ ಆಮೇಲಿನದು. ಐದು ದಿನ ಕಳೆದು, ಭಾನುವಾರ, ಬಹಳ ಕಾಲದಿಂದ ಕಾಣದೇ ಇದ್ದ ಧ್ರುವ ನಕ್ಷತ್ರ ಮತ್ತೆ ಕಂಡಿತು ಅಂತ ಬರೆದಿದ್ದಾನೆ. ಆ ರಾತ್ರಿ ಮಲಿಂದಿಯ ನಾವಿಕ ಹಲಗೆ ಕೈಗೆತ್ತಿಕೊಂಡಿರಬೇಕು ಅಂತ ನಾನು ಅಂದುಕೊಳ್ಳುತ್ತೇನೆ.

ಜನವರಿ 8

ಹೊಸ ಸಮಸ್ಯೆ. ಸಂಜೆ 6:50ಕ್ಕೆ ಅದೇ ತಾರಸಿ, ಅದೇ ಗೆರೆ, ಅದೇ ಗಂಟು. ನಕ್ಷತ್ರ ಹಲಗೆಯ ಮೇಲೆ ಎದ್ದು ನಿಂತಿದೆ! ಹಲಗೆಯನ್ನು ಸುಮಾರು ಎರಡು ಸೆಂಟಿಮೀಟರ್ ಹತ್ತಿರ ತರಬೇಕಾಯಿತು. ಅರ್ಧ ಡಿಗ್ರಿಗಿಂತ ಜಾಸ್ತಿ ವ್ಯತ್ಯಾಸ. ಪೈಪಿನ ಮಟ್ಟ ಎರಡು ಸಲ ನೋಡಿದೆ, ಸರಿ ಇತ್ತು.

ಧ್ರುವ ನಕ್ಷತ್ರ ಧ್ರುವದಲ್ಲಿ ಸರಿಯಾಗಿ ಇಲ್ಲ. ಈಗ ಅದು 0.6 ಡಿಗ್ರಿಯಷ್ಟು ಪಕ್ಕಕ್ಕಿದೆ, ದಿನಕ್ಕೊಮ್ಮೆ ಸಣ್ಣ ಸುತ್ತು ಹಾಕುತ್ತದೆ. ನವೆಂಬರ್ ಮೊದಲ ವಾರದ ಸಂಜೆ ಅದು ಧ್ರುವದ ಬದಿಯಲ್ಲಿತ್ತು, ಎತ್ತರ ಒಂದೇ. ಜನವರಿ ಸಂಜೆ ಮೇಲೆ ಬಂದಿದೆ. ನನಗೆ ಇದೇ ಇಷ್ಟು ಕಾಟ ಕೊಟ್ಟರೆ 1498ರವರ ಗತಿ? ಭೂಮಿಯ ಅಕ್ಷ ಬುಗುರಿಯ ಹಾಗೆ ನಿಧಾನಕ್ಕೆ ತಿರುಗುತ್ತದೆ, ಒಂದು ಸುತ್ತಿಗೆ ಸುಮಾರು 26,000 ವರ್ಷ. ಅದರಿಂದಾಗಿ ಆಗ ಈ ನಕ್ಷತ್ರ ಧ್ರುವದಿಂದ ಮೂರೂವರೆ ಡಿಗ್ರಿಯಷ್ಟು ದೂರ ಇತ್ತು. ಒಂದೇ ದಿನದಲ್ಲಿ ಏಳು ಡಿಗ್ರಿ ಮೇಲೆ ಕೆಳಗೆ. ಸುಮ್ನೆ ಹಲಗೆ ಎತ್ತಿ ಅಳೆದರೆ ಕಾರವಾರ ಹುಡುಕುವವನು ಕೇರಳದಲ್ಲಿ ಇರುತ್ತಾನೆ. ಹೊತ್ತು ಗೊತ್ತಿರಲೇಬೇಕು. ಅದಕ್ಕೆ ಅರಬ್ ನಾವಿಕರು ಚಂದ್ರನ 28 ಮನೆಗಳನ್ನು ಬಾಯಿಪಾಠ ಮಾಡಿಕೊಂಡಿದ್ದರು. ನಮ್ಮ ಪಂಚಾಂಗದ ಅಶ್ವಿನಿ, ಭರಣಿ, ಕೃತ್ತಿಕೆಗಳ ಹಾಗೆಯೇ. ಯಾವ ಮನೆ ನೆತ್ತಿಗೆ ಬಂದಾಗ ಧ್ರುವಕ್ಕೆ ಎಷ್ಟು ಕೂಡಿಸಬೇಕು, ಎಷ್ಟು ಕಳೆಯಬೇಕು ಅನ್ನುವುದು ಅವರ ತಲೆಯಲ್ಲಿತ್ತು. ಹಲಗೆ ಅರ್ಧ ಉಪಕರಣ. ಉಳಿದರ್ಧ ನೆನಪು.

ಜನವರಿ 14

ಕಾರವಾರ. ಈ ದಿನಗಳಲ್ಲಿ ಧ್ರುವ ಬದಿಗೆ ಬರುವುದು ರಾತ್ರಿ ಎರಡಕ್ಕೆ. ಲಾಡ್ಜಿನ ಮಾಲೀಕರು ತಾರಸಿಯ ಬೀಗ ತೆಗೆದುಕೊಟ್ಟರು, ಗೋಡೆಗೆ ಗೆರೆ ಎಳೆಯಲೂ ಬಿಟ್ಟರು. ಬಡಗಿಗೆ ಗುಡ್ಡವಿದೆ, ಆದರೆ ನಕ್ಷತ್ರ ಅದಕ್ಕಿಂತ ಎಷ್ಟೋ ಮೇಲೆ. ಗಾಳಿ ಇರಲಿಲ್ಲ. ಒಂಬತ್ತು ಅಳತೆ, ಸರಾಸರಿ 40 ಸೆಂಟಿಮೀಟರ್. ಅಲ್ಲೇ ಗಂಟು ಹಾಕಿದೆ. ಕೈ ನಡುಗುತ್ತಿತ್ತು, ಚಳಿಗೂ ಖುಷಿಗೂ.

ಬೆಳಿಗ್ಗೆ ತೆಂಕಿನ ಕಡೆ ಅಂಜದೀವವನ್ನು ನೆನೆಯುತ್ತಾ ಕಡಲ ದಂಡೆಯಲ್ಲಿ ಕೂತಿದ್ದೆ. ಅದೀಗ ನೌಕಾಪಡೆಯ ಜಾಗ, ನಮ್ಮಂಥವರನ್ನು ಬಿಡುವುದಿಲ್ಲ. ಗಾಮನ ಜನ ಸುಮಾರು ಹನ್ನೆರಡು ದಿನ ಅಲ್ಲಿದ್ದು, ಹಡಗಿನ ತಳ ಕೆರೆದು, ಸಿಹಿನೀರು ತುಂಬಿಸಿಕೊಂಡರು. ಅಲ್ಲಿಂದ ಹೊರಟವರಲ್ಲಿ ಎಷ್ಟೋ ಜನ ಆಫ್ರಿಕ ನೋಡಲಿಲ್ಲ. ನಾಲ್ಕು ವರ್ಷಕ್ಕೆ, 1502ರಲ್ಲಿ, ಅದೇ ಗಾಮ ಫಿರಂಗಿ ತುಂಬಿದ ಹಡಗುಗಳೊಂದಿಗೆ ಬಂದು, ಮೆಕ್ಕಾದಿಂದ ಮರಳುತ್ತಿದ್ದ ಯಾತ್ರಿಕರ ಹಡಗನ್ನು ಹೆಂಗಸರು ಮಕ್ಕಳ ಸಮೇತ ಸುಟ್ಟ. ದಾರಿ ತೋರಿಸಿದವರ ಕಡಲಿಗೆ ಅವನು ಮಾಡಿದ್ದು ಅದು. ಆ ಎರಡನ್ನೂ ಒಟ್ಟಿಗೇ ನೆನಪಿಟ್ಟುಕೊಳ್ಳಬೇಕು ಅನ್ನಿಸುತ್ತದೆ ನನಗೆ. ಶಾಲೆಯಲ್ಲಿ ನಾವು ಕಲಿತದ್ದು 'ಜಲಮಾರ್ಗ ಕಂಡುಹಿಡಿದ' ಅನ್ನುವ ಒಂದೇ ಮಾತು.

ಜನವರಿ ಕೊನೆ

ಈಗ ದಾರದಲ್ಲಿ ಎರಡು ಗಂಟು, 40 ಮತ್ತು 44.1. ನಡುವೆ ನಾಲ್ಕು ಸೆಂಟಿಮೀಟರಿನ ಮೇಲೆ ಒಂದು ಚೂರು ಜಾಗ, ಅಷ್ಟರಲ್ಲೇ ಗೋಕರ್ಣ, ಹೊನ್ನಾವರ, ಭಟ್ಕಳ, ಬೈಂದೂರು. ಮುಂದಿನದು ಕಪ್ಪಾಡು. ಮಾರ್ಚ್ ಮೊದಲ ವಾರಕ್ಕೆ ರೈಲು ಟಿಕೆಟ್ ಆಗಿದೆ. ಆಗ ಧ್ರುವ ಬದಿಗೆ ಬರುವುದು ರಾತ್ರಿ ಹತ್ತೂವರೆ ದಾಟಿದ ಮೇಲೆ. ಬೀಚಿನಲ್ಲಿ ನೆಡಲು ಎರಡು ಬಿದಿರು ಕೋಲು, ನೀರಿನ ಪೈಪು, ಟಾರ್ಚ್ ಕಟ್ಟಿಟ್ಟಿದ್ದೇನೆ. ಲೆಕ್ಕದ ಪ್ರಕಾರ ಗಂಟು 51.4ರ ಹತ್ತಿರ ಬರಬೇಕು. ದಾರದ ಆ ಜಾಗಕ್ಕೆ ಗುರುತು ಹಾಕಿಲ್ಲ.