ಟಿವಿ ಮೇಲೆ ಕೇರಂ: ಟ್ಯಾಬ್ಲೆಟ್ ಆಟವನ್ನು ಅಪ್ಪನ ಕಣ್ಣಿಗೆ, ಕೈಗೆ ಹೊಂದಿಸಿದ ಕಥೆ

ಜೂನ್ 8, ಭಾನುವಾರ

ಅಪ್ಪನಿಗೆ ಕೇರಂ ಎಂದರೆ ಪ್ರಾಣ. ನೌಕರಿಯಲ್ಲಿದ್ದಾಗ ಸಂಜೆಯಾದರೆ ಆಫೀಸಿನ ಕ್ಲಬ್‌ನಲ್ಲಿ ಬೋರ್ಡ್ ಮುಂದೆ ಕೂತಿರುತ್ತಿದ್ದರು. ಈಗ 72 ವರ್ಷ. ಸೊಂಟ ನೋವಿನಿಂದ ಬೋರ್ಡ್ ಮೇಲೆ ಬಗ್ಗಲು ಆಗುವುದಿಲ್ಲ. ಹಾಗಾಗಿ ಟ್ಯಾಬ್ಲೆಟ್‌ಗೆ ಒಂದು ಕೇರಂ ಆಟ ಹಾಕಿಕೊಟ್ಟಿದ್ದೆ. ಎರಡು ದಿನ ಆಡಿದರು, ಮೂರನೇ ದಿನ ಪಕ್ಕಕ್ಕಿಟ್ಟರು. ಪೊರೆ ಆಪರೇಷನ್ ಆದ ಮೇಲೆ ಅವರಿಗೆ ದೂರದ್ದು ಚೆನ್ನಾಗಿ ಕಾಣುತ್ತದೆ, ಹತ್ತಿರದ್ದಕ್ಕೆ ಕನ್ನಡಕ ಬೇಕು. ಕನ್ನಡಕ ಹಾಕಿಕೊಂಡು, ಕತ್ತು ಬಗ್ಗಿಸಿ ಅರ್ಧ ಗಂಟೆ ಕೂತರೆ ತಲೆನೋವು.

ಹಾಲ್‌ನಲ್ಲಿ 43 ಇಂಚಿನ ಟಿವಿ ಇದೆ. ಆಟವನ್ನು ಅದರ ಮೇಲೆ ತಂದರೆ ಆಯಿತಲ್ಲ ಎಂದುಕೊಂಡೆ. ಇವತ್ತು ಮಾಡಿದ್ದು ಅತಿ ಸುಲಭದ ದಾರಿ. ಟ್ಯಾಬ್ಲೆಟ್‌ನಲ್ಲಿ ಕಾಸ್ಟ್ (ವೈರ್ ಇಲ್ಲದೆ ಪರದೆಯ ಚಿತ್ರವನ್ನು ಟಿವಿಗೆ ಕಳಿಸುವ ಸೌಲಭ್ಯ) ಒತ್ತಿದೆ, ಪಟ್ಟಿಯಲ್ಲಿ ಟಿವಿ ಹೆಸರು ಬಂತು, ಚಿತ್ರ ಮೂಡಿತು. ಹತ್ತು ನಿಮಿಷದ ಕೆಲಸ.

ಅಪ್ಪ ಟಿವಿ ನೋಡುತ್ತಾ ಟ್ಯಾಬ್ಲೆಟ್ ಮೇಲೆ ಬೆರಳಿಟ್ಟರು. ಬೆರಳು ಸ್ಟ್ರೈಕರ್ ಮೇಲೆ ಬೀಳಲೇ ಇಲ್ಲ. ಕೆಳಗೆ ನೋಡಿ ಹಿಡಿದರು, ತಲೆಯೆತ್ತಿ ಗುರಿ ನೋಡಿದರು, ಅಷ್ಟರಲ್ಲಿ ಬೆರಳು ಜಾರಿತ್ತು. ಜೊತೆಗೆ ಬೆರಳು ಇಲ್ಲಿ ಎಳೆದರೆ ಟಿವಿಯಲ್ಲಿ ಗೆರೆ ಆಮೇಲೆ ಬರುತ್ತಿತ್ತು. "ಕೈ ಒಂದು ಕಡೆ, ಕಣ್ಣು ಒಂದು ಕಡೆ. ಇದ್ಹೆಂಗೋ ಆಡೋದು?" ಎಂದರು.

ನನಗೂ ಆಗಲೇ ಹೊಳೆದದ್ದು. ಚಿತ್ರವನ್ನು ಟಿವಿಗೆ ಕಳಿಸಿದ್ದೆ, ಕೈಯನ್ನು ಕಳಿಸಿರಲಿಲ್ಲ.

ಜೂನ್ 11, ಬುಧವಾರ

ಮೊದಲು ತಡ ಎಷ್ಟು ಅಂತ ಅಳೆಯಬೇಕಿತ್ತು. ಇದಕ್ಕೆ ಯಾವ ಯಂತ್ರವೂ ಬೇಡ. ಟ್ಯಾಬ್ಲೆಟ್‌ನಲ್ಲಿ ಸ್ಟಾಪ್‌ವಾಚ್ ಓಡಿಸಿ, ಟಿವಿ ಪಕ್ಕದಲ್ಲಿ ಹಿಡಿದು, ಎರಡೂ ಕಾಣುವ ಹಾಗೆ ಫೋನಿನ ಸ್ಲೋ ಮೋಷನ್‌ನಲ್ಲಿ ವಿಡಿಯೊ ತೆಗೆದೆ. ನನ್ನ ಫೋನ್ ಸೆಕೆಂಡಿಗೆ 240 ಫ್ರೇಮ್, ಅಂದರೆ ಬಿಡಿ ಚಿತ್ರ, ಹಿಡಿಯುತ್ತದೆ. ಅಂದರೆ ಒಂದು ಫ್ರೇಮ್‌ಗೆ ಸುಮಾರು 4.2 ಮಿಲಿಸೆಕೆಂಡ್. ಟ್ಯಾಬ್ಲೆಟ್‌ನಲ್ಲಿ ಒಂದು ಅಂಕಿ ಮೂಡಿದ ಮೇಲೆ ಅದೇ ಅಂಕಿ ಟಿವಿಯಲ್ಲಿ ಮೂಡಲು ಎಷ್ಟು ಫ್ರೇಮ್ ಬೇಕಾಯಿತು ಎಂದು ಒಂದೊಂದಾಗಿ ಎಣಿಸಿದೆ. 46 ಬಂತು. ಸುಮಾರು 190 ಮಿಲಿಸೆಕೆಂಡ್. ಎರಡು ಪರದೆಗಳೂ ಸೆಕೆಂಡಿಗೆ 60 ಸಲ ಮಾತ್ರ ಬದಲಾಗುವುದರಿಂದ ಹದಿನೈದಿಪ್ಪತ್ತು ಮಿಲಿಸೆಕೆಂಡ್ ಆಚೆಈಚೆ ಆಗಬಹುದು. ಆದರೂ ಅಂದಾಜು ಸಿಕ್ಕಿತು.

ಇಷ್ಟು ತಡ ಯಾಕೆ? ವೈರ್ ಇಲ್ಲದೆ ಕಳಿಸುವಾಗ ಟ್ಯಾಬ್ಲೆಟ್ ಪ್ರತಿ ಚಿತ್ರವನ್ನೂ ವಿಡಿಯೊ ಥರ ಒತ್ತಿ ಚಿಕ್ಕದು ಮಾಡುತ್ತದೆ, ವೈಫೈ ಮೂಲಕ ಕಳಿಸುತ್ತದೆ. ಟಿವಿ ಅದನ್ನು ಮತ್ತೆ ಬಿಡಿಸುತ್ತದೆ. ನಡುವೆ ಚಿತ್ರ ತಡವರಿಸಬಾರದು ಎಂದು ಒಂದಷ್ಟನ್ನು ಕೂಡಿಟ್ಟುಕೊಂಡು ತೋರಿಸುತ್ತದೆ. ಸಿನಿಮಾ ನೋಡಲು ಇದು ಒಳ್ಳೆಯದೇ, ಚಿತ್ರ ನಿಲ್ಲದೆ ಓಡುತ್ತದೆ. ಆಟಕ್ಕೆ ಮಾತ್ರ ಒಗ್ಗುವುದಿಲ್ಲ.

ಜೂನ್ 15, ಭಾನುವಾರ

ವೈರ್ ಹಾಕೋಣ ಎಂದು ಟ್ಯಾಬ್ಲೆಟ್‌ನ ಟೈಪ್ ಸಿ ಯಿಂದ ಟಿವಿಯ ಎಚ್‌ಡಿಎಂಐಗೆ ಬದಲಾಯಿಸುವ ಅಡಾಪ್ಟರ್ ತಂದೆ. ಟ್ಯಾಬ್ಲೆಟ್‌ಗೆ ಸಿಕ್ಕಿಸಿದರೆ ಟಿವಿಯಲ್ಲಿ "ನೋ ಸಿಗ್ನಲ್". ಅಡಾಪ್ಟರ್ ಕೆಟ್ಟಿದೆ ಎಂದು ಲ್ಯಾಪ್‌ಟಾಪ್‌ಗೆ ಹಾಕಿದೆ, ಅಲ್ಲಿ ಚಿತ್ರ ಬಂತು!

ಇದನ್ನು ಸ್ವಲ್ಪ ಬಿಡಿಸಿ ಹೇಳುತ್ತೇನೆ, ಯಾಕೆಂದರೆ ಬಹಳ ಜನ ಇಲ್ಲೇ ದುಡ್ಡು ಕಳೆದುಕೊಳ್ಳುತ್ತಾರೆ. ಟೈಪ್ ಸಿ ಅನ್ನುವುದು ತೂತಿನ ಆಕಾರ ಅಷ್ಟೇ. ಒಳಗೆ 24 ಪಿನ್‌ಗಳಿಗೆ ಜಾಗ ಇದೆ. ವಿಡಿಯೊ ಹೋಗಬೇಕಾದರೆ ಅದರಲ್ಲಿರುವ ಹೆಚ್ಚು ವೇಗದ ಜೋಡಿಗಳು ಬೇಕು, ಮತ್ತು ಸಾಧನದಲ್ಲಿ ಡಿಸ್‌ಪ್ಲೇಪೋರ್ಟ್ ಆಲ್ಟ್ ಮೋಡ್ ಎನ್ನುವ ಸೌಲಭ್ಯ ಇರಬೇಕು. ಕಡಿಮೆ ಬೆಲೆಯ ಟ್ಯಾಬ್ಲೆಟ್‌ಗಳಲ್ಲಿ ಆಕಾರ ಟೈಪ್ ಸಿ ಇದ್ದರೂ ಒಳಗಿರುವುದು ಎಷ್ಟೋ ಸಲ ಹಳೆಯ ಯುಎಸ್‌ಬಿ 2.0. ಅದರಿಂದ ಚಾರ್ಜ್ ಆಗುತ್ತದೆ, ಫೋಟೊ ವರ್ಗಾಯಿಸಬಹುದು, ಈ ಥರದ ಅಡಾಪ್ಟರ್‌ಗೆ ವಿಡಿಯೊ ಬರುವುದಿಲ್ಲ. ಕೊಳ್ಳುವ ಮುಂಚೆ ನಿಮ್ಮ ಮಾಡೆಲ್‌ನ ವಿವರಗಳಲ್ಲಿ ಡಿಸ್‌ಪ್ಲೇಪೋರ್ಟ್ ಅಥವಾ ವಿಡಿಯೊ ಔಟ್ ಅನ್ನುವ ಮಾತು ಇದೆಯೇ ನೋಡಿ. ಇಲ್ಲದಿದ್ದರೆ ಅಡಾಪ್ಟರ್ ತರಬೇಡಿ. ಅಂಗಡಿಯವರು ಒಳ್ಳೆಯವರು, ವಾಪಸ್ ತೆಗೆದುಕೊಂಡು ಮೂರು ಮೀಟರ್ ಎಚ್‌ಡಿಎಂಐ ಕೇಬಲ್ ಕೊಟ್ಟರು.

ಜೂನ್ 21, ಶನಿವಾರ

ಲ್ಯಾಪ್‌ಟಾಪ್ ನಡುವೆ ತಂದದ್ದು ಇಡೀ ಪ್ರಯತ್ನಕ್ಕೆ ತಿರುವು ಕೊಟ್ಟಿತು.

ಸ್ಕ್ರೀನ್ ಕಾಪಿ ಎಂದು ಉಚ್ಚರಿಸುವ ಒಂದು ಉಚಿತ, ಓಪನ್ ಸೋರ್ಸ್ ಪ್ರೋಗ್ರಾಂ ಇದೆ. ಬರೆಯುವಾಗ ಕೆಲವು ಅಕ್ಷರ ಬಿಟ್ಟು scrcpy ಎಂದು ಬರೆಯುತ್ತಾರೆ, ಹಾಗಾಗಿ ಹುಡುಕುವಾಗ ಗಮನವಿರಲಿ. ಆಂಡ್ರಾಯ್ಡ್ ಪರದೆಯನ್ನು ಯುಎಸ್‌ಬಿ ವೈರ್ ಮೂಲಕ ಲ್ಯಾಪ್‌ಟಾಪ್‌ನಲ್ಲಿ ತೋರಿಸುತ್ತದೆ. ಯುಎಸ್‌ಬಿ 2.0 ಆದರೂ ಸಾಕು, ಏಕೆಂದರೆ ಚಿತ್ರ ಡೇಟಾ ಆಗಿ ಹೋಗುತ್ತದೆ. ಟ್ಯಾಬ್ಲೆಟ್‌ನಲ್ಲಿ ಏನೂ ಇನ್‌ಸ್ಟಾಲ್ ಮಾಡಬೇಕಿಲ್ಲ. ಸೆಟ್ಟಿಂಗ್ಸ್‌ನಲ್ಲಿ ಬಿಲ್ಡ್ ನಂಬರ್ ಮೇಲೆ ಏಳು ಸಲ ಒತ್ತಿದರೆ ಡೆವಲಪರ್ ಆಪ್ಷನ್ಸ್ ತೆರೆಯುತ್ತದೆ, ಅಲ್ಲಿ ಯುಎಸ್‌ಬಿ ಡಿಬಗ್ಗಿಂಗ್ (ವೈರ್ ಮೂಲಕ ಲ್ಯಾಪ್‌ಟಾಪ್ ಟ್ಯಾಬ್ಲೆಟ್ಟನ್ನು ನಿಯಂತ್ರಿಸಲು ಬಿಡುವ ಸೌಲಭ್ಯ) ಆನ್ ಮಾಡಬೇಕು. ಕೆಲಸ ಮುಗಿದ ಮೇಲೆ ಆಫ್ ಮಾಡುವುದು ಒಳ್ಳೆಯದು. ಆಂಡ್ರಾಯ್ಡ್ 11 ಅಥವಾ ಅದಕ್ಕಿಂತ ಹೊಸದಾದರೆ ಆಟದ ಶಬ್ದವೂ ಬರುತ್ತದೆ.

ಲ್ಯಾಪ್‌ಟಾಪ್‌ನಿಂದ ಟಿವಿಗೆ ಎಚ್‌ಡಿಎಂಐ. ಮತ್ತೆ ಸ್ಟಾಪ್‌ವಾಚ್, ಮತ್ತೆ ಫ್ರೇಮ್ ಎಣಿಕೆ. 31 ಫ್ರೇಮ್, ಸುಮಾರು 130 ಮಿಲಿಸೆಕೆಂಡ್. ಇಷ್ಟೆಲ್ಲ ಮಾಡಿದ್ದಕ್ಕೆ ಇಷ್ಟೇನಾ ಅನಿಸಿತು. ಆಮೇಲೆ ಟಿವಿಯ ಪಿಕ್ಚರ್ ಸೆಟ್ಟಿಂಗ್‌ಗೆ ಹೋಗಿ ಗೇಮ್ ಮೋಡ್ ಹಾಕಿದೆ. 14 ಫ್ರೇಮ್! 60 ಮಿಲಿಸೆಕೆಂಡ್‌ಗಿಂತ ಕಡಿಮೆ. ಟಿವಿ ಚಿತ್ರವನ್ನು ಚಂದ ಮಾಡಲು, ಚಲನೆ ನುಣುಪಾಗಿಸಲು ಅಷ್ಟು ಹೊತ್ತು ಹಿಡಿದಿಟ್ಟುಕೊಳ್ಳುತ್ತಿತ್ತು. ಗೇಮ್ ಮೋಡ್ ಅದನ್ನೆಲ್ಲ ಬಿಡಿಸುತ್ತದೆ. ಬಣ್ಣ ಸ್ವಲ್ಪ ಮಂಕಾಯಿತು, ಪರವಾಗಿಲ್ಲ. ನೀವು ಬೇರೇನೂ ಮಾಡದಿದ್ದರೂ ಇದೊಂದು ಮಾಡಿ.

ಜೂನ್ 22, ಭಾನುವಾರ

ಅಕ್ಕನ ಮಗ ಬಂದಿದ್ದ. ಏಳನೇ ಕ್ಲಾಸ್. ಕೇರಂ ಬಿಟ್ಟು ಕಾರ್ ರೇಸ್ ಹಾಕಿಸಿದ. ಅವನ ಕಷ್ಟವೂ ಅಪ್ಪನ ಕಷ್ಟವೇ. ಪರದೆಯ ಮೇಲಿನ ಬ್ರೇಕ್ ಬಟನ್ ಕೈಗೆ ತಾಗುವಂಥದ್ದಲ್ಲ, ಬರೀ ಗಾಜು. ಟಿವಿ ನೋಡುತ್ತಿದ್ದರೆ ಹೆಬ್ಬೆರಳು ಎಲ್ಲಿದೆ ಅಂತ ಗೊತ್ತಾಗುವುದಿಲ್ಲ. ಡೆವಲಪರ್ ಆಪ್ಷನ್ಸ್‌ನಲ್ಲಿ ಶೋ ಟ್ಯಾಪ್ಸ್ ಆನ್ ಮಾಡಿದೆ. ಬೆರಳು ಮುಟ್ಟಿದ ಜಾಗದಲ್ಲಿ ಚುಕ್ಕೆ ಮೂಡುತ್ತದೆ, ಟಿವಿಯಲ್ಲೂ ಕಾಣುತ್ತದೆ. ಸಹಾಯ ಆಯಿತು, ಆದರೆ ತಪ್ಪು ಜಾಗ ಮುಟ್ಟಿದ ಮೇಲಷ್ಟೇ ತಪ್ಪು ಅಂತ ತಿಳಿಯುತ್ತದೆ.

ಅವನ ಬ್ಲೂಟೂತ್ ಕಂಟ್ರೋಲರ್ ಅನ್ನು ನೇರವಾಗಿ ಟ್ಯಾಬ್ಲೆಟ್‌ಗೆ ಜೋಡಿಸಿದೆವು. ಆ ಆಟ ಕಂಟ್ರೋಲರ್ ಒಪ್ಪುತ್ತಿತ್ತು, ಎಲ್ಲ ಆಟಗಳೂ ಒಪ್ಪುವುದಿಲ್ಲ. "ಮಾಮ, ಈಗ ಸರಿ ಇದೆ ನೋಡು" ಎಂದು ಮೂರು ರೇಸ್ ಗೆದ್ದ. ಕಂಟ್ರೋಲರ್‌ನಲ್ಲಿ ಬಟನ್‌ಗಳು ಬೆರಳಿಗೆ ಸಿಗುತ್ತವೆ, ಕಣ್ಣು ಬೇಕಿಲ್ಲ. ಇನ್ನೊಂದು ವಿಷಯ: 2.4 ಗಿಗಾಹರ್ಟ್ಸ್ ವೈಫೈ ಮತ್ತು ಬ್ಲೂಟೂತ್ ಒಂದೇ ರೇಡಿಯೊ ತರಂಗದ ಪಟ್ಟಿಯಲ್ಲಿ ಓಡುತ್ತವೆ. ವೈರ್ ಇಲ್ಲದೆ ಚಿತ್ರ ಕಳಿಸುತ್ತಾ ಬ್ಲೂಟೂತ್ ಕಂಟ್ರೋಲರ್ ಬಳಸಿದರೆ ಒಂದಕ್ಕೊಂದು ಅಡ್ಡ ಬರಬಹುದು. ರೂಟರ್‌ನಲ್ಲಿ 5 ಗಿಗಾಹರ್ಟ್ಸ್ ಇದ್ದರೆ ಅದನ್ನೇ ಬಳಸಿ.

ಜೂನ್ 28, ಶನಿವಾರ

ಕಂಟ್ರೋಲರ್ ಕೇರಂಗೆ ಆಗುವುದಿಲ್ಲ. ಕೇರಂನಲ್ಲಿ ಎಳೆದು ಗುರಿ ಇಡಬೇಕು. ಇದಕ್ಕೆ ಮನೆಯಲ್ಲೇ ಇದ್ದ ಮೌಸ್ ಉತ್ತರವಾಯಿತು. ಮೌಸನ್ನು ಲ್ಯಾಪ್‌ಟಾಪ್‌ಗೆ ಹಾಕಿದರೆ, ಸ್ಕ್ರೀನ್ ಕಾಪಿ ಕಿಟಕಿಯೊಳಗೆ ಒತ್ತಿ ಎಳೆದದ್ದು ಟ್ಯಾಬ್ಲೆಟ್‌ಗೆ ಬೆರಳು ಎಳೆದ ಹಾಗೆ. ಬಾಣದ ಗುರುತು ಟಿವಿಯಲ್ಲೇ ಓಡಾಡುತ್ತದೆ. ಮುಟ್ಟುವ ಮುಂಚೆಯೇ ಕೈ ಎಲ್ಲಿದೆ ಅಂತ ಕಾಣುತ್ತದೆ. ಅಪ್ಪ ಕೆಳಗೆ ನೋಡಬೇಕಾಗಿಯೇ ಬರಲಿಲ್ಲ. ಟ್ಯಾಬ್ಲೆಟ್ ಪರದೆಯನ್ನೂ ಆರಿಸಿಟ್ಟೆ, ಪ್ರೋಗ್ರಾಂನಲ್ಲಿ ಅದಕ್ಕೆ ದಾರಿ ಇದೆ.

ಚಿಕ್ಕಪುಟ್ಟ ತೊಂದರೆಗಳು ಬಂದವು. ಅಪ್ಪನ ಕೈ ಸ್ವಲ್ಪ ನಡುಗುತ್ತದೆ, ಹಾಗಾಗಿ ಪಾಯಿಂಟರ್ ವೇಗವನ್ನು ತುಂಬಾ ಇಳಿಸಿದೆ. ಕುರ್ಚಿಯಲ್ಲಿ ಕೂತು ಮೌಸ್ ಎಲ್ಲಿ ಇಡುವುದು? ಹುಡುಗನ ಪರೀಕ್ಷೆಯ ಪ್ಯಾಡ್ ತೊಡೆಯ ಮೇಲೆ ಇಟ್ಟುಕೊಂಡರು. ಪಾರದರ್ಶಕ ಪ್ಲಾಸ್ಟಿಕ್ ಪ್ಯಾಡ್ ಮೇಲೆ ಮೌಸ್ ಓಡಲಿಲ್ಲ, ಹಳೆಯ ಹಾರ್ಡ್‌ಬೋರ್ಡ್ ಪ್ಯಾಡ್ ಮೇಲೆ ಚೆನ್ನಾಗಿ ಓಡಿತು. ಟಿವಿ ಚಿತ್ರದ ಅಂಚು ಕತ್ತರಿಸುತ್ತಿತ್ತು, ಸ್ಟ್ರೈಕರ್ ಸರಿಸುವ ಪಟ್ಟಿ ಅರ್ಧ ಮಾಯ. ಸೆಟ್ಟಿಂಗ್‌ನಲ್ಲಿ ಚಿತ್ರದ ಅಳತೆಯನ್ನು ಸ್ಕ್ರೀನ್ ಫಿಟ್ ಮಾಡಿದ ಮೇಲೆ ಸರಿಹೋಯಿತು.

ಜುಲೈ 6, ಭಾನುವಾರ

ಇವತ್ತು ಸ್ಕೇಲ್ ಹಿಡಿದು ಅಳೆದೆ. ಈ ಕೇರಂ ಆಟ ನಿಂತ ಪರದೆಗೆ ಮಾಡಿದ್ದು. ಟ್ಯಾಬ್ಲೆಟ್ ಪರದೆಯ ಉದ್ದ-ಅಗಲದ ಅನುಪಾತ 16:10, ಟಿವಿಯದು 16:9, ಮತ್ತು ಟಿವಿ ಅಡ್ಡ. ಹಾಗಾಗಿ ಟಿವಿಯ 1920 ಪಿಕ್ಸೆಲ್ ಅಗಲದಲ್ಲಿ ಆಟಕ್ಕೆ ಸಿಗುವುದು 675 ಮಾತ್ರ, ಉಳಿದದ್ದು ಎರಡೂ ಕಡೆ ಕಪ್ಪು. 43 ಇಂಚಿನಲ್ಲಿ ಆಟದ ಅಗಲ 33 ಸೆಂಟಿಮೀಟರ್ ಚಿಲ್ಲರೆ. ಟ್ಯಾಬ್ಲೆಟ್‌ನಲ್ಲಿ ಹದಿಮೂರೂವರೆ ಇತ್ತು. ನಿಜವಾದ ಕೇರಂ ಬೋರ್ಡ್‌ನ ಆಡುವ ಜಾಗ ಸುಮಾರು 74.

ಎರಡೂವರೆ ಪಟ್ಟು ದೊಡ್ಡದಾಯಿತು ಅಂತ ಖುಷಿಪಟ್ಟೆ. ಆಮೇಲೆ ಲೆಕ್ಕ ಹಾಕಿದರೆ, ಅಪ್ಪ ಟ್ಯಾಬ್ಲೆಟ್ ಹಿಡಿಯುತ್ತಿದ್ದದ್ದು 40 ಸೆಂಟಿಮೀಟರ್ ದೂರದಲ್ಲಿ, ಟಿವಿ ಇರುವುದು ಎರಡೂವರೆ ಮೀಟರ್ ದೂರದಲ್ಲಿ. ಕಣ್ಣಿಗೆ ಬೀಳುವ ಗಾತ್ರದಲ್ಲಿ ಟಿವಿಯ ಬೋರ್ಡೇ ಚಿಕ್ಕದು! ಆದರೂ ಅಪ್ಪನಿಗೆ ಇದೇ ಚೆನ್ನಾಗಿ ಕಾಣುತ್ತದೆ. ಅವರಿಗೆ ಬೇಕಿದ್ದದ್ದು ದೊಡ್ಡದಲ್ಲ, ದೂರದ್ದು. ಆಪರೇಷನ್ ಆದ ಕಣ್ಣಿಗೆ ದೂರದ್ದು ಕನ್ನಡಕ ಇಲ್ಲದೆ ನಿಚ್ಚಳ. ಒಂದು ತಿಂಗಳು ನಾನು ದೊಡ್ಡ ಪರದೆ, ದೊಡ್ಡ ಪರದೆ ಅಂತಲೇ ಯೋಚಿಸುತ್ತಿದ್ದೆ. ಕುರ್ಚಿಯನ್ನು ಒಂದೂವರೆ ಮೀಟರಿಗೆ ಎಳೆದೆವು. ಅಲ್ಲಿಂದ ಕನ್ನಡಕ ಬೇಡ, ಪಾನ್‌ಗಳೂ ಇನ್ನಷ್ಟು ದೊಡ್ಡದಾಗಿ ಕಾಣುತ್ತವೆ.

ಅಡ್ಡ ಪರದೆಗೆ ಮಾಡಿದ ಕೇರಂ ಆಟ ಹುಡುಕುವುದು ಬಾಕಿ ಇದೆ. ಸಿಕ್ಕರೆ ಬೋರ್ಡ್ ಇನ್ನೂ ಅಗಲ ಆಗುತ್ತದೆ.

ಸಂಜೆ ಪಕ್ಕದ ಮನೆ ಅಂಕಲ್ ಬಂದರು. ಹೊರಗೆ ಜೋರು ಮಳೆ. ಮೌಸ್, ಪ್ಯಾಡ್ ಎರಡನ್ನೂ ಒಬ್ಬರಿಂದ ಒಬ್ಬರಿಗೆ ದಾಟಿಸುತ್ತಾ ಆಡಿದರು. ಅಂಕಲ್ ರೆಡ್ ಹಾಕಿ ಕವರ್ ತಪ್ಪಿಸಿದರು, ರೆಡ್ ವಾಪಸ್ ಬೋರ್ಡ್ ಮಧ್ಯಕ್ಕೆ ಬಂತು. ಅಪ್ಪ ಪ್ಯಾಡ್ ಎಳೆದುಕೊಂಡು, ಬೆನ್ನು ಕುರ್ಚಿಗೆ ಆನಿಸಿ, "ಕೊಡ್ರಿ ಇಲ್ಲಿ" ಎಂದರು. ಅಷ್ಟರಲ್ಲಿ ಕರೆಂಟ್ ಹೋಯಿತು. ಟ್ಯಾಬ್ಲೆಟ್ ಬ್ಯಾಟರಿಯಲ್ಲಿ ಆಟ ಹಾಗೇ ನಿಂತಿದೆ. ಮತ್ತೆ ಕರೆಂಟ್ ಬರುವ ತನಕ ಇಬ್ಬರೂ ಏಳಲಿಲ್ಲ.