ಬ್ರೋದ್ಸ್ಕಿ ನೋಟ್‌ಬುಕ್: ಯಾಕೋಬ್‌ವರೆಗೆ ಬಂದಾಯ್ತು

ಜೆಕ್ ನಟ ವ್ಲಾಸ್ತಿಮಿಲ್ ಬ್ರೋದ್ಸ್ಕಿ ಅವರ ಪಾತ್ರಗಳನ್ನು ಒಂದೊಂದಾಗಿ ನೋಡಿ ಬರೆದಿಡುವ ಕೆಲಸ ಈಗ ಒಂದು ಹದಕ್ಕೆ ಬಂದಿದೆ. ಪಾತ್ರಕ್ಕೊಂದು ಪುಟ. ಕಥೆ ಬರೆಯುವುದಿಲ್ಲ. ಅವರು ಹೇಗೆ ಕೂರುತ್ತಾರೆ, ಎದುರಿನವರು ಮಾತಾಡುವಾಗ ಅವರ ಮುಖ ಹೇಗಿರುತ್ತದೆ, ಇಷ್ಟೇ.

ಮೊದಲ ಪುಟದಲ್ಲಿ ಜೀವನದ ವಿವರ ಇದೆ. 1920ರಲ್ಲಿ ಒಸ್ತ್ರಾವಾ ಪಕ್ಕದ ಹ್ರುಶೊವ್‌ನಲ್ಲಿ ಹುಟ್ಟಿದರು. ಪ್ರಾಗ್‌ನಲ್ಲಿ ಇ. ಎಫ್. ಬುರಿಯಾನ್ ಅವರ ರಂಗತಂಡದಲ್ಲಿ ಕಲಿತರು. ಆಮೇಲೆ ವರ್ಷಗಟ್ಟಲೆ ವಿನೋಹ್ರಾಡಿ ಥಿಯೇಟರ್. ನಟಿ ಯಾನಾ ಬ್ರೆಯ್ಖೊವಾ ಅವರನ್ನು ಮದುವೆಯಾಗಿದ್ದರು. ಮಗಳು ತೆರೆಜಾ ಕೂಡ ನಟಿ.

ಯಿರ್ಜಿ ಮೆಂಜೆಲ್ ನಿರ್ದೇಶನದ ಮೂರು ಸಿನಿಮಾಗಳ ಪುಟಗಳು ಮುಗಿದಿವೆ. 1966ರ 'ಕ್ಲೋಸ್‌ಲಿ ವಾಚ್ಡ್ ಟ್ರೇನ್ಸ್'ನಲ್ಲಿ ಅವರು ಜೆಡ್ನಿಚೆಕ್. ಎರಡನೇ ಮಹಾಯುದ್ಧದಲ್ಲಿ ಜರ್ಮನ್ನರ ಪರ ನಿಂತ ಅಧಿಕಾರಿ. ಪುಟ್ಟ ರೈಲು ನಿಲ್ದಾಣಕ್ಕೆ ಬಂದು, ನಕ್ಷೆ ಹರಡಿ, ಜರ್ಮನ್ ಸೇನೆ ಹಿಂದೆ ಸರಿಯುತ್ತಿರುವುದೂ ಒಂದು ಯುದ್ಧತಂತ್ರ ಅಂತ ವಿವರಿಸುತ್ತಾನೆ. ಬೇರೆ ನಟ ಆಗಿದ್ದರೆ ಇವನನ್ನು ಖಳನಾಯಕ ಮಾಡಿಬಿಡುತ್ತಿದ್ದರು. ಬ್ರೋದ್ಸ್ಕಿ ಇವನನ್ನು ತನ್ನ ಮಾತನ್ನು ತಾನೇ ನಂಬಿದ, ಶಿಸ್ತಿನ ಮನುಷ್ಯನಾಗಿಯೇ ಉಳಿಸುತ್ತಾರೆ. ಭಯ ಆಗುವುದು ಅದಕ್ಕೇ.

'ಕ್ಯಾಪ್ರಿಶಿಯಸ್ ಸಮ್ಮರ್'ನಲ್ಲಿ ನದಿ ದಡದಲ್ಲಿ ಕಾಲ ಕಳೆಯುವ ನಡುವಯಸ್ಸಿನ ಮೂವರಲ್ಲಿ ಅವರು ಮೇಜರ್ ಹುಗೊ. ಈ ಪುಟ ಚಿಕ್ಕದು. ಅಲ್ಲಿ ನನ್ನ ಕಣ್ಣು ಮೂವರಲ್ಲಿ ಇನ್ನೊಬ್ಬನಾದ ನಟ ರುಡೊಲ್ಫ್ ಹ್ರುಶಿನ್ಸ್ಕಿ ಕಡೆಗೇ ಜಾಸ್ತಿ ಹೋಯಿತು.

'ಲಾರ್ಕ್ಸ್ ಆನ್ ಎ ಸ್ಟ್ರಿಂಗ್'ನಲ್ಲಿ ಅವರು ಪುಸ್ತಕಗಳನ್ನು ನಾಶ ಮಾಡಲು ಒಪ್ಪದೆ ಗುಜರಿ ಕಬ್ಬಿಣದ ರಾಶಿಯಲ್ಲಿ ಕೆಲಸಕ್ಕೆ ಬಿದ್ದ ಪ್ರೊಫೆಸರ್. 1969ರಲ್ಲಿ ಸಿದ್ಧವಾದ ಸಿನಿಮಾ. ಆಗಿನ ಕಮ್ಯುನಿಸ್ಟ್ ಸರ್ಕಾರ ತಡೆಹಿಡಿಯಿತು. 1990ರಲ್ಲಿ ಹೊರಬಂದು, ಬರ್ಲಿನ್ ಚಿತ್ರೋತ್ಸವದ ಅತ್ಯುನ್ನತ ಪ್ರಶಸ್ತಿ ಗೋಲ್ಡನ್ ಬೇರ್ ಅನ್ನು ಇನ್ನೊಂದು ಸಿನಿಮಾ ಜೊತೆ ಹಂಚಿಕೊಂಡಿತು. ಅಷ್ಟು ಹೊತ್ತಿಗೆ ಬ್ರೋದ್ಸ್ಕಿ ಎಪ್ಪತ್ತರ ಹತ್ತಿರ. ಇಂಥ ಅಭಿನಯವನ್ನು ಇಪ್ಪತ್ತು ವರ್ಷ ಡಬ್ಬಿಯಲ್ಲಿ ಮುಚ್ಚಿಟ್ಟಿದ್ದು ದೊಡ್ಡ ಅನ್ಯಾಯ ಅಲ್ವಾ?

ಈಗ ಬರೆಯುತ್ತಿರುವುದು ಯಾಕೋಬ್ ಬಗ್ಗೆ. ಇಲ್ಲಿ ಒಂದು ಪುಟ ಸಾಲುತ್ತಿಲ್ಲ.

'ಯಾಕೋಬ್ ದ ಲೈಯರ್' ಪೂರ್ವ ಜರ್ಮನಿಯ ಸಿನಿಮಾ. ಫ್ರಾಂಕ್ ಬೇಯರ್ ನಿರ್ದೇಶನ. ನಾಜಿಗಳು ಯಹೂದಿಗಳನ್ನು ಕೂಡಿಹಾಕಿದ ಕೇರಿಯಲ್ಲಿ ಯಾಕೋಬ್ ತನ್ನ ಹತ್ತಿರ ರೇಡಿಯೋ ಇದೆ ಅಂತ ಸುಳ್ಳು ಹೇಳುತ್ತಾನೆ. ರಷ್ಯನ್ನರು ಹತ್ತಿರ ಬರುತ್ತಿದ್ದಾರೆ ಅನ್ನುವ ಸುದ್ದಿ ಜನರಿಗೆ ಬದುಕುವ ಆಸೆ ಕೊಡುತ್ತದೆ. ಆಮೇಲೆ ದಿನಾ ಸುದ್ದಿ ಹುಟ್ಟಿಸಬೇಕು. ಪುಟ್ಟ ಹುಡುಗಿ ಲೀನಾ ರೇಡಿಯೋ ತೋರಿಸು ಅಂತ ಹಟ ಹಿಡಿಯುತ್ತಾಳೆ. ಅವನು ನೆಲಮಾಳಿಗೆಯಲ್ಲಿ ಮರೆಯ ಹಿಂದೆ ಕೂತು, ಬಾಯಲ್ಲೇ ರೇಡಿಯೋ ನುಡಿಸುತ್ತಾನೆ. ಮೋಡ ಬೇಕು ಅಂತ ಕಾಯಿಲೆ ಬಿದ್ದ ರಾಜಕುಮಾರಿಯ ಕಥೆ ಹೇಳುತ್ತಾನೆ. ಹುಡುಗಿ ಇಣುಕಿ ನೋಡುವುದು ಅವನಿಗೆ ಗೊತ್ತಿಲ್ಲ. ಆ ಮುಖದಲ್ಲಿ ದಣಿವು, ಹೆದರಿಕೆ, ಮಗುವನ್ನು ನಗಿಸುವ ಖುಷಿ ಎಲ್ಲ ಒಟ್ಟಿಗೇ ಇವೆ. ಒಂದನ್ನೂ ಅವರು ಎತ್ತಿ ತೋರಿಸುವುದಿಲ್ಲ. ನಾಯಕನ ಪಾತ್ರ ಸಿಕ್ಕಾಗಲೂ ಪೋಷಕ ನಟನ ಸಂಯಮ ಬಿಟ್ಟಿಲ್ಲ. ನನ್ನ ಇಡೀ ನೋಟ್‌ಬುಕ್ಕಿಗೆ ಕಾರಣ ಈ ಗುಣವೇ.

ಈ ಪಾತ್ರಕ್ಕೆ 1975ರಲ್ಲಿ ಬರ್ಲಿನ್‌ನಲ್ಲಿ ಶ್ರೇಷ್ಠ ನಟ ಅಂತ ಸಿಲ್ವರ್ ಬೇರ್ ಬಂತು. ಆಸ್ಕರ್ ವಿದೇಶಿ ಭಾಷಾ ವಿಭಾಗಕ್ಕೆ ನಾಮನಿರ್ದೇಶನ ಆದ ಪೂರ್ವ ಜರ್ಮನಿಯ ಸಿನಿಮಾ ಇದೊಂದೇ. 1999ರಲ್ಲಿ ಹಾಲಿವುಡ್ಡಿನಲ್ಲಿ ರಾಬಿನ್ ವಿಲಿಯಮ್ಸ್ ಇದೇ ಪಾತ್ರ ಮಾಡಿದರು. ನನಗೆ ಬ್ರೋದ್ಸ್ಕಿಯೇ ಯಾಕೋಬ್.

ಉಳಿದಿರುವುದು ಎರಡು ದೊಡ್ಡ ಪುಟ. 'ಅರಬೆಲಾ' ಟಿವಿ ಧಾರಾವಾಹಿಯ ರಾಜ ಹ್ಯಾಸಿಂತ್ ಒಂದು. 2001ರ 'ಆಟಮ್ ಸ್ಪ್ರಿಂಗ್'ನ ಮುದುಕ ಫಾಂದಾ ಇನ್ನೊಂದು. ಫಾಂದಾ ಶ್ರೀಮಂತನ ವೇಷದಲ್ಲಿ ಬಂಗಲೆ ಕೊಳ್ಳಲು ಹೋಗುತ್ತಾನೆ. ಹೆಂಡತಿ ಅಂತ್ಯಕ್ರಿಯೆಗೆ ದುಡ್ಡು ಕೂಡಿಡುತ್ತಿರುತ್ತಾಳೆ. ಹೆಂಡತಿಯಾಗಿ ಸ್ಟೆಲಾ ಜಾಜ್ವೊರ್ಕೊವಾ ಇದ್ದಾರೆ. ಇದಕ್ಕೆ ಬ್ರೋದ್ಸ್ಕಿ ಅವರಿಗೆ ಜೆಕ್ ಲಯನ್ ಪ್ರಶಸ್ತಿ ಬಂತು. 2002ರ ಏಪ್ರಿಲ್‌ನಲ್ಲಿ ತೀರಿಕೊಂಡರು. ಫಾಂದಾ ಮತ್ತು ಯಾಕೋಬ್ ಇಬ್ಬರೂ ಸುಳ್ಳು ಹೇಳುವವರೇ. ಹಾಗಾಗಿ ಎರಡೂ ಪುಟಗಳನ್ನು ಅಕ್ಕಪಕ್ಕ ಇಟ್ಟು ಬರೆಯುತ್ತೇನೆ. ರಾಜ ಹ್ಯಾಸಿಂತ್ ಆಮೇಲೆ.